ವಯಸ್ಕರಲ್ಲಿ ಆಟಿಸಂ: ದಂಪತಿಗಳು ತಿಳಿದಿರಬೇಕಾದ ಸಂಗತಿಗಳು

ಪೀಠಿಕೆ

ಕುಟುಂಬ ಕಲ್ಯಾಣವೆಂದರೆ ಮಿತ ಸಂತಾನ, ಬಾಣಂತಿಯ ಆರೈಕೆ, ಮಕ್ಕಳಿಗೆ ಲಸಿಕೆ ಇಷ್ಟೇ ಎಂದು ಅನೇಕರು ಭಾವಿಸಿರುತ್ತಾರೆ. ಗಂಡಹೆಂಡಿರು ಒಬ್ಬರನ್ನೊಬ್ಬರು ಅರಿತು ಬಾಳುವುದೂ ಕುಟುಂಬದ ಆರೋಗ್ಯಕ್ಕೆ ಸೇರಿದ ವಿಷಯವೇ. ಒಂದೇ ಸೂರಿನಡಿ ಹತ್ತು ವರ್ಷ ಬಾಳಿದ ಮೇಲೂ "ಇವರ ಮನಸ್ಸು ನನಗೆ ತಿಳಿಯಲೇ ಇಲ್ಲ" ಎಂದು ಕೊರಗುವ ದಂಪತಿಗಳುಂಟು. ಇದಕ್ಕೆ ಕಾರಣಗಳು ಹಲವು. ಅವುಗಳಲ್ಲಿ ನಮ್ಮ ಹಳ್ಳಿಗಳ ಬಹುಮಂದಿ ಹೆಸರನ್ನೇ ಕೇಳಿರದ ಒಂದು ಕಾರಣವನ್ನು ಈ ಪಾಠದಲ್ಲಿ ತಿಳಿಯೋಣ. ಅದರ ಹೆಸರು ಆಟಿಸಂ. ಕನ್ನಡದಲ್ಲಿ ಇದನ್ನು ಸ್ವಲೀನತೆ ಎಂದೂ ಕರೆಯುತ್ತಾರೆ.

ಒಂದು ಮನೆಯ ಸಂಗತಿ

ಒಮ್ಮೆ ನಮ್ಮ ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ ಗೃಹಿಣಿಯೊಬ್ಬರು ತಲೆನೋವಿಗೂ ನಿದ್ರೆ ಬಾರದಿರುವುದಕ್ಕೂ ಔಷಧಿ ಕೇಳಿ ಬಂದರು. ಪರೀಕ್ಷಿಸಿ ನೋಡಲಾಗಿ ರಕ್ತಹೀನತೆಯಾಗಲಿ ರಕ್ತದೊತ್ತಡವಾಗಲಿ ಇರಲಿಲ್ಲ. ಮನೆಯ ವಿಚಾರ ಕೇಳಿದಾಗ ಅವರ ಕಣ್ಣು ತುಂಬಿ ಬಂತು. "ನಮ್ಮ ಯಜಮಾನರು ಕುಡಿಯುವವರಲ್ಲ, ಹೊಡೆಯುವವರಲ್ಲ. ಆದರೆ ನಾನು ಮನೆಯಲ್ಲಿದ್ದೇನೆ ಎಂಬುದೇ ಅವರಿಗೆ ಗೊತ್ತಿಲ್ಲ ಡಾಕ್ಟರೇ. ನಮ್ಮ ತಾಯಿ ತೀರಿಕೊಂಡ ಸುದ್ದಿ ಬಂದು ನಾನು ಅಳುತ್ತ ಕುಳಿತಿದ್ದರೆ, ಹುಳುವಿಗೆ ಸೊಪ್ಪು ಹಾಕುವ ಹೊತ್ತಾಯಿತು ಎಂದು ಎದ್ದು ಹೋದರು" ಎಂದರು.

ಆ ಮನೆಯದು ರೇಷ್ಮೆ ಹುಳು ಸಾಕಣೆ. ಗಂಡ ಆ ಕೆಲಸದಲ್ಲಿ ಬಹಳ ನಿಪುಣ. ಹುಳು ಯಾವ ದಿನ ಯಾವ ಜ್ವರಕ್ಕೆ ಕೂರುತ್ತದೆ, ಹಣ್ಣಾಗಿ ಚಂದ್ರಿಕೆಗೆ ಏರುವುದು ಯಾವಾಗ, ಆರು ವರ್ಷದ ಹಿಂದಿನ ಬೆಳೆಯ ಗೂಡು ಮಾರುಕಟ್ಟೆಯಲ್ಲಿ ಯಾವ ದರಕ್ಕೆ ಹೋಯಿತು ಎಂಬುದೆಲ್ಲ ಆತನ ಬಾಯಲ್ಲಿಯೇ ಇತ್ತು. ಆದರೆ ಅರಳಿಕಟ್ಟೆಯಲ್ಲಿ ನಾಲ್ಕು ಜನರೊಡನೆ ಕುಳಿತು ಮಾತನಾಡಿದವನಲ್ಲ. ಮಾತಿಗೆ ತೊಡಗಿದರೆ ರೇಷ್ಮೆ ಹುಳುವಿನ ವಿಷಯ ಒಂದೇ; ಕೇಳುವವರಿಗೆ ಬೇಸರವಾದುದು ಆತನಿಗೆ ತಿಳಿಯುತ್ತಿರಲಿಲ್ಲ. ಪ್ರತಿದಿನ ಅದೇ ಲೋಟದಲ್ಲಿ ಕಾಫಿ ಬೇಕು. ಲೋಟ ಬದಲಾದರೆ ಕುಡಿಯದೆ ಎದ್ದುಬಿಡುವನು. ಬಾಮೈದನ ಮದುವೆಯಲ್ಲಿ ವಾಲಗ, ಧ್ವನಿವರ್ಧಕ ಎರಡೂ ಒಟ್ಟಿಗೆ ಮೊಳಗಿದಾಗ ಚಪ್ಪರದಿಂದ ಎದ್ದು ಹೋಗಿ ಊರಾಚೆಯ ಬಾವಿಕಟ್ಟೆಯ ಮೇಲೆ ಕುಳಿತಿದ್ದನು. ಅಳಿಯ ಅವಮಾನ ಮಾಡಿದನೆಂದು ಹೆಂಡತಿಯ ತವರಿನವರು ಎರಡು ವರ್ಷ ಮನೆಗೆ ಬರಲಿಲ್ಲ. ಇನ್ನೊಂದು ದಿನ ಹೆಂಡತಿ ಒಲೆಯ ಮೇಲೆ ಹಾಲಿಟ್ಟು, "ಸ್ವಲ್ಪ ಹಾಲು ನೋಡುತ್ತಿರಿ" ಎಂದು ಹೇಳಿ ಹಿತ್ತಲಿಗೆ ಹೋದಳು. ಹಿಂದಿರುಗಿ ಬಂದಾಗ ಹಾಲು ಉಕ್ಕಿ ಒಲೆ ಆರಿತ್ತು. ಗಂಡ ಮುಂದೆಯೇ ನಿಂತಿದ್ದನು. "ನೋಡು ಎಂದೆ, ನೋಡಿದೆ" ಎಂಬುದು ಆತನ ಉತ್ತರ. ಬೇಕೆಂದೇ ಹಂಗಿಸುತ್ತಾನೆಂದು ಹೆಂಡತಿ ಎರಡು ದಿನ ಊಟ ಬಿಟ್ಟಳು.

ಆತನನ್ನೂ ತಾಯಿಯನ್ನೂ ಕರೆಸಿ ಮಾತನಾಡಿಸಿದೆನು. ತಾಯಿ ಹೇಳಿದರು: "ಮಗುವಾಗಿದ್ದಾಗಲೂ ಹೀಗೆಯೇ. ಬೇರೆ ಹುಡುಗರು ಚಿನ್ನಿದಾಂಡು ಆಡುತ್ತಿದ್ದರೆ ಇವನು ಹುಣಸೆಬೀಜ ಸಾಲಾಗಿ ಜೋಡಿಸುತ್ತ ಕೂರುತ್ತಿದ್ದ. ಮದುವೆಯಾದರೆ ಸರಿಹೋದಾನು ಎಂದು ಮದುವೆ ಮಾಡಿದೆವು." ಕೊನೆಗೆ ಗಂಡ ನೆಲ ನೋಡುತ್ತ ಹೇಳಿದ ಮಾತು ಇದು: "ಅವಳು ಅತ್ತಾಗ ಏನು ಮಾಡಬೇಕೆಂದು ನನಗೆ ತಿಳಿಯಲಿಲ್ಲ. ತಿಳಿಯದೆ ಹತ್ತಿರ ಕೂತರೆ ಇನ್ನೂ ತಪ್ಪಾದೀತು ಎಂದು ತಿಳಿದ ಕೆಲಸಕ್ಕೆ ಹೋದೆ." ಹೆಂಡತಿ ಈ ಮಾತನ್ನು ಕೇಳಿದ್ದು ಒಂಬತ್ತು ವರ್ಷದ ಸಂಸಾರದಲ್ಲಿ ಅದೇ ಮೊದಲು. ಜಿಲ್ಲಾ ಆಸ್ಪತ್ರೆಯ ಮನೋವೈದ್ಯರು ಮೂರು ಬಾರಿ ಪರೀಕ್ಷಿಸಿ, ಇದು ಆಟಿಸಂ ಎಂದು ನಿರ್ಣಯಿಸಿದರು.

ಆಟಿಸಂ ಎಂದರೇನು?

ಆಟಿಸಂ ಹುಟ್ಟಿನಿಂದಲೇ ಬರುವ, ಮಿದುಳಿನ ಬೆಳವಣಿಗೆಗೆ ಸಂಬಂಧಿಸಿದ ಒಂದು ಭಿನ್ನ ಸ್ಥಿತಿ. ಇದು ಅಂಟುರೋಗವಲ್ಲ, ನಡುವಯಸ್ಸಿನಲ್ಲಿ ಹೊಸದಾಗಿ ತಗಲುವಂಥದೂ ಅಲ್ಲ. ಇದರಲ್ಲಿ ಮುಖ್ಯವಾಗಿ ಎರಡು ಬಗೆಯ ಲಕ್ಷಣಗಳಿರುತ್ತವೆ. ಮೊದಲನೆಯದು, ಇತರರೊಡನೆ ಬೆರೆಯುವಲ್ಲಿ ಮತ್ತು ಮಾತು, ಮುಖಭಾವ, ಸನ್ನೆಗಳನ್ನು ಅರಿಯುವಲ್ಲಿ ತೊಡಕು. ಎರಡನೆಯದು, ಒಂದೇ ರೀತಿಯ ನಡವಳಿಕೆ, ಕ್ರಮ ಮತ್ತು ಆಸಕ್ತಿಗಳಿಗೆ ಬಿಗಿಯಾಗಿ ಅಂಟಿಕೊಂಡಿರುವಿಕೆ. ಶಬ್ದ, ಬೆಳಕು, ಸ್ಪರ್ಶಗಳನ್ನು ತಾಳಲಾರದಿರುವುದು ಈ ಎರಡನೆಯ ಗುಂಪಿಗೆ ಸೇರುತ್ತದೆ. ಕೆಲವರಿಗೆ ಮಾತೇ ಬಾರದು. ಜೀವನವಿಡೀ ಆಸರೆ ಬೇಕು. ಇನ್ನು ಕೆಲವರು ಓದಿ, ದುಡಿದು, ಸಂಸಾರ ನಡೆಸುತ್ತಾರೆ. ಈ ಪಾಠ ಎರಡನೆಯ ಗುಂಪಿನವರನ್ನು ಕುರಿತದ್ದು. ವಿಶ್ವ ಆರೋಗ್ಯ ಸಂಸ್ಥೆಯ ಅಂದಾಜಿನಂತೆ 2021 ರಲ್ಲಿ ಪ್ರಪಂಚದಲ್ಲಿ ಸುಮಾರು 127 ಜನರಲ್ಲಿ ಒಬ್ಬರಿಗೆ ಆಟಿಸಂ ಇತ್ತು.

ಇಷ್ಟು ಜನರಲ್ಲಿರುವ ಸ್ಥಿತಿ ಏಕೆ ಗುರುತಾಗಲಿಲ್ಲ ಎಂದು ನೀವು ಕೇಳಬಹುದು. ಅಮೆರಿಕದ ಮಕ್ಕಳ ಮನೋವೈದ್ಯ ಲಿಯೋ ಕಾನರ್ ಅವರು 1943 ರಲ್ಲಿ ಹನ್ನೊಂದು ಮಕ್ಕಳ ವೃತ್ತಾಂತವನ್ನು ಪ್ರಕಟಿಸಿದ ಮೇಲೆಯೇ ವೈದ್ಯಲೋಕದ ಗಮನ ಇತ್ತ ಹರಿಯಿತು. ಬಹುಕಾಲ ಇದು ಮಕ್ಕಳಲ್ಲಿ ಮಾತ್ರ ಕಾಣುವ ಅಪರೂಪದ ಕಾಯಿಲೆಯೆಂದೇ ಎಣಿಸಲಾಗಿತ್ತು. ಮಕ್ಕಳು ಬೆಳೆದು ದೊಡ್ಡವರಾಗುತ್ತಾರೆ; ಆಟಿಸಂ ಅವರೊಡನೆಯೇ ಇರುತ್ತದೆ. ಇಂದು ಮೂವತ್ತು, ನಲವತ್ತು, ಐವತ್ತು ವಯಸ್ಸಿನವರು ಚಿಕ್ಕವರಿದ್ದಾಗ ಇದನ್ನು ಗುರುತಿಸುವವರು ನಮ್ಮ ಊರುಗಳಲ್ಲಿ ಇರಲಿಲ್ಲ. ಆದುದರಿಂದ ಅವರಿಗೆ "ಮೊಂಡ", "ಗರ್ವಿ", "ಲೋಕಜ್ಞಾನವಿಲ್ಲದವ" ಎಂಬ ಹೆಸರುಗಳೇ ಉಳಿದವು.

ಲಕ್ಷಣಗಳನ್ನು ಗುರುತಿಸುವ ಬಗೆ

(1) ಮಾತುಕತೆಯಲ್ಲಿ: ಮಾತನಾಡುವಾಗ ಎದುರಿನವರ ಕಣ್ಣು ನೋಡಲು ಕಷ್ಟ. ಕುಶಲ ಪ್ರಶ್ನೆ, ಹಾಳುಹರಟೆಗಳಲ್ಲಿ ಮನಸ್ಸಿಲ್ಲ. ತಮಗೆ ಪ್ರಿಯವಾದ ವಿಷಯ ಬಂದರೆ ನಿಲ್ಲಿಸದೆ ಮಾತನಾಡುವರು. ಹೇಳಿದ ಮಾತನ್ನು ಅಕ್ಷರಶಃ ತೆಗೆದುಕೊಳ್ಳುವರು. ತಮಾಷೆ, ವ್ಯಂಗ್ಯ, ಸೂಚನೆಯ ಮಾತು ಅರ್ಥವಾಗುವುದಿಲ್ಲ. ತೋಚಿದ್ದನ್ನು ನೇರವಾಗಿ ಹೇಳಿ ಇತರರನ್ನು ನೋಯಿಸಿಬಿಡುವರು. ನೋಯಿಸಿದುದು ಅವರಿಗೆ ತಿಳಿದಿರುವುದಿಲ್ಲ. ಸ್ವರ ಏರಿಳಿತವಿಲ್ಲದೆ ಒಂದೇ ಸಮನಾಗಿರಬಹುದು.

(2) ಸಂಬಂಧಗಳಲ್ಲಿ: ಸ್ನೇಹ ಬೆಳೆಸಲು, ಉಳಿಸಿಕೊಳ್ಳಲು ತೊಡಕು. ಎದುರಿನವರ ಮುಖ ನೋಡಿ ಕೋಪವೋ ದುಃಖವೋ ಎಂದು ಊಹಿಸಲಾರರು. ತಮ್ಮೊಳಗಿನ ಭಾವನೆಯನ್ನು ಮಾತಿನಲ್ಲಿ ಹೇಳಲೂ ಆಗದು. ಪ್ರೀತಿ ಇರುತ್ತದೆ, ಅದನ್ನು ತೋರುವ ರೂಢಿಯ ದಾರಿ ಅವರಿಗೆ ಸಿಕ್ಕಿರುವುದಿಲ್ಲ.

(3) ದಿನಚರಿಯಲ್ಲಿ: ಊಟ, ಸ್ನಾನ, ದಾರಿ, ಕುಳಿತುಕೊಳ್ಳುವ ಜಾಗ ಎಲ್ಲವೂ ಎಂದಿನಂತೆಯೇ ಇರಬೇಕು. ಮುನ್ಸೂಚನೆಯಿಲ್ಲದೆ ನೆಂಟರು ಬಂದರೆ, ಹೊರಟ ಪ್ರಯಾಣ ನಿಂತರೆ ವಿಪರೀತ ಕಳವಳ. ಯಾವುದೋ ಒಂದು ವಿಷಯದಲ್ಲಿ ಆಳವಾದ ಆಸಕ್ತಿ ಮತ್ತು ಅಸಾಧಾರಣ ನೆನಪು. ಕೈಬೆರಳು ಆಡಿಸುವುದು, ಮೈ ತೂಗುವುದು ಮುಂತಾದ ಚಲನೆಗಳನ್ನು ಮತ್ತೆ ಮತ್ತೆ ಮಾಡುವರು.

(4) ಇಂದ್ರಿಯಗಳಲ್ಲಿ: ಜಾತ್ರೆಯ ಗದ್ದಲ, ಮಿಕ್ಸಿಯ ಸದ್ದು, ಪಟಾಕಿ, ಕಣ್ಣು ಕುಕ್ಕುವ ಬೆಳಕು, ಒಗ್ಗರಣೆಯ ಘಾಟು, ಒರಟು ಬಟ್ಟೆ, ಅನಿರೀಕ್ಷಿತ ಸ್ಪರ್ಶ, ಇವುಗಳಲ್ಲಿ ಕೆಲವನ್ನು ತಾಳಲಾರರು. ಕೆಲವರಲ್ಲಿ ಇದಕ್ಕೆ ವಿರುದ್ಧವಾಗಿ ನೋವು, ಚಳಿಗಳು ಬೇಗ ಅರಿವಿಗೆ ಬಾರವು. ಸಹನೆ ಮೀರಿದಾಗ ಕೂಗಾಡುವುದು ಇಲ್ಲವೆ ಪೂರ್ಣ ಮೌನವಾಗಿ ಮೂಲೆ ಹಿಡಿಯುವುದು ಉಂಟು. ಇದು ನಾಟಕವಲ್ಲ.

ದಾಂಪತ್ಯದಲ್ಲಿ ಈ ನಾಲ್ಕನೆಯ ಅಂಶಕ್ಕೆ ವಿಶೇಷ ಮಹತ್ವವಿದೆ. ಸ್ಪರ್ಶವನ್ನು ತಾಳಲಾರದ ಗಂಡ ಅಥವಾ ಹೆಂಡತಿ ಹಿಂದೆ ಸರಿದಾಗ ಇನ್ನೊಬ್ಬರು ಅದನ್ನು ತಿರಸ್ಕಾರವೆಂದು ಭಾವಿಸುತ್ತಾರೆ. ಯಾವ ಬಗೆಯ ಸ್ಪರ್ಶ ಹಿತ, ಯಾವುದು ಅಹಿತ ಎಂಬುದನ್ನು ಸಂಕೋಚವಿಲ್ಲದೆ ಕೇಳಿ ತಿಳಿಯುವುದು ಇಬ್ಬರ ಸುಖಕ್ಕೂ ಅವಶ್ಯಕ.

ಹೆಂಗಸರಲ್ಲಿ ಆಟಿಸಂ

ಗಂಡಸರಲ್ಲಿ ಆಟಿಸಂ ಹೆಚ್ಚಾಗಿ ಗುರುತಾಗುತ್ತದೆ. ಹೆಂಗಸರಲ್ಲಿ ಇದು ಇದ್ದರೂ ಮರೆಯಾಗಿ ಉಳಿಯುವುದೇ ಹೆಚ್ಚು. ಹೆಣ್ಣುಮಗು ಮಾತಿಲ್ಲದೆ ಮೂಲೆಯಲ್ಲಿದ್ದರೆ "ಎಷ್ಟು ಸಾಧು" ಎಂದು ಹೊಗಳುತ್ತೇವೆ. ಆಕೆ ಇತರರನ್ನು ನೋಡಿ ನೋಡಿ ನಗುವ ಹೊತ್ತು, ಮಾತನಾಡುವ ರೀತಿಗಳನ್ನು ಕಲಿತು ಅನುಕರಿಸುತ್ತಾಳೆ. ಮದುವೆಯಾಗಿ ತುಂಬಿದ ಮನೆಗೆ ಬಂದಾಗ ಈ ಅನುಕರಣೆ ದಿನವಿಡೀ ನಡೆಯಬೇಕಾಗುತ್ತದೆ. ಹಬ್ಬಕ್ಕೆ ಬಂದ ನೆಂಟರೆಲ್ಲ ಹೋದ ಮೇಲೆ ಎರಡು ದಿನ ಮಾತಿಲ್ಲದೆ ಕತ್ತಲೆ ಕೋಣೆಯಲ್ಲಿ ಮಲಗುವ ಸೊಸೆಯನ್ನು "ಬಿಂಕ" ಎಂದು ದೂರುವ ಮುನ್ನ ಅತ್ತೆಯೂ ಗಂಡನೂ ಯೋಚಿಸತಕ್ಕದ್ದು.

ದುಡುಕಿ ನಿರ್ಣಯಿಸಬೇಡಿರಿ

ಮೇಲಿನ ಪಟ್ಟಿಯನ್ನು ಓದಿದೊಡನೆ ಮನೆಯವರಿಗೆಲ್ಲ ಆಟಿಸಂ ಇದೆಯೆಂದು ತೋರಬಹುದು. ಮಿತಭಾಷಿಗಳೆಲ್ಲರೂ ಆಟಿಸಂ ಉಳ್ಳವರಲ್ಲ. ಸಂಕೋಚ ಸ್ವಭಾವ ಬೇರೆ, ಕಿವುಡು ಬೇರೆ, ಹೊಂದಾಣಿಕೆಯಿಲ್ಲದ ದಾಂಪತ್ಯ ಬೇರೆ. ಈ ಮೂರು ಪ್ರಶ್ನೆಗಳಿಗೂ "ಹೌದು" ಎಂಬ ಉತ್ತರ ಬಂದರೆ ಮಾತ್ರ ವೈದ್ಯರನ್ನು ಕಾಣುವುದು ಉಚಿತ.

(ಅ) ಈ ಗುಣಗಳು ಚಿಕ್ಕಂದಿನಿಂದಲೂ ಇವೆಯೇ?
(ಆ) ಒಂದೆರಡಲ್ಲದೆ, ಬೆರೆಯುವಿಕೆ ಮತ್ತು ಬಿಗಿಕ್ರಮ ಎಂಬ ಎರಡೂ ಬಗೆಯ ಲಕ್ಷಣಗಳು ಒಟ್ಟಿಗೆ ಇವೆಯೇ?
(ಇ) ಇವುಗಳಿಂದ ಸಂಸಾರ, ದುಡಿಮೆ ಅಥವಾ ಮನಶ್ಶಾಂತಿಗೆ ತೊಂದರೆಯಾಗಿದೆಯೇ?

ಮೊದಲ ಪ್ರಶ್ನೆ ಅತಿ ಮುಖ್ಯವಾದುದು. ಎಲ್ಲರೊಡನೆ ನಗುನಗುತ್ತ ಇದ್ದವರು ಈಚೆಗೆ ಮೌನವಾಗಿದ್ದರೆ, ಯಾರೂ ಇಲ್ಲದಾಗ ಧ್ವನಿ ಕೇಳುತ್ತದೆ ಎಂದರೆ, ಕಾರಣವಿಲ್ಲದೆ ಸಂಶಯಪಟ್ಟರೆ, ಊಟ ನಿದ್ರೆ ಬಿಟ್ಟರೆ ಅದು ಆಟಿಸಂ ಅಲ್ಲ. ಖಿನ್ನತೆ ಮುಂತಾದ ಬೇರೆ ಕಾಯಿಲೆಯಿರಬಹುದು. ಅವುಗಳಿಗೆ ಔಷಧಿಯುಂಟು, ತಡಮಾಡಬಾರದು. ಆಟಿಸಂ ಉಳ್ಳವರಿಗೂ ಖಿನ್ನತೆ, ಆತಂಕ, ಮೂರ್ಛೆರೋಗಗಳು ಇತರರಿಗಿಂತ ಹೆಚ್ಚಾಗಿ ಬರುತ್ತವೆ. ಬದುಕು ಸಾಕೆಂಬ ಮಾತು ಬಂದರೆ ಅದೇ ದಿನ ವೈದ್ಯರ ಬಳಿಗೆ ಕರೆತರುವುದು.

ಇನ್ನೊಂದು ಎಚ್ಚರಿಕೆ. ಹೆಂಡತಿಯನ್ನು ಹೊಡೆಯುವುದು, ಕುಡಿತ, ಅವಮಾನ ಮಾಡುವುದು ಆಟಿಸಂನ ಲಕ್ಷಣಗಳಲ್ಲ. ಆಟಿಸಂ ಇದೆಯೆಂಬ ಕಾರಣಕ್ಕೆ ಯಾರೂ ಹಿಂಸೆಯನ್ನು ಸಹಿಸಬೇಕಾಗಿಲ್ಲ.

ತಪ್ಪು ನಂಬಿಕೆಗಳು

"ಮದುವೆ ಮಾಡಿದರೆ ಸರಿಹೋಗುತ್ತದೆ": ಮದುವೆ ಯಾವ ಕಾಯಿಲೆಗೂ ಔಷಧಿಯಲ್ಲ. ಆಟಿಸಂ ಉಳ್ಳವರು ಮದುವೆಯಾಗಬಾರದೆಂದಿಲ್ಲ. ಆದರೆ ವಿಷಯವನ್ನು ಮುಚ್ಚಿಟ್ಟು ಮದುವೆ ಮಾಡುವುದು ಗಂಡುಹೆಣ್ಣು ಇಬ್ಬರಿಗೂ ಮಾಡಿದ ಅನ್ಯಾಯ.

"ತಾಯಿ ಮುದ್ದಿಸದೆ ಬೆಳೆಸಿದ್ದರಿಂದ ಹೀಗಾಯಿತು": ಹಿಂದೆ ಕೆಲವು ವೈದ್ಯರೂ ಹೀಗೆ ನಂಬಿದ್ದುಂಟು. ಬ್ರಿಟನ್ನಿನಲ್ಲಿ 1977 ರಲ್ಲಿ ಪ್ರಕಟವಾದ ಅವಳಿಜವಳಿಗಳ ಅಧ್ಯಯನವೂ ಅನಂತರದ ಸಂಶೋಧನೆಗಳೂ ಇದರಲ್ಲಿ ಅನುವಂಶೀಯತೆಯ ಪಾತ್ರ ದೊಡ್ಡದೆಂದು ತೋರಿಸಿವೆ. ತಾಯಿಯ ತಪ್ಪೇನೂ ಇಲ್ಲ.

"ಲಸಿಕೆಯಿಂದ ಬರುತ್ತದೆ": 1998 ರಲ್ಲಿ ಹೀಗೆ ಸಂಶಯ ಹುಟ್ಟಿಸಿದ ಲೇಖನವನ್ನು ಅದನ್ನು ಪ್ರಕಟಿಸಿದ್ದ ವೈದ್ಯಕೀಯ ಪತ್ರಿಕೆಯೇ 2010 ರಲ್ಲಿ ಹಿಂತೆಗೆದುಕೊಂಡಿತು. ಮಕ್ಕಳ ಲಸಿಕೆಯನ್ನು ಎಂದಿಗೂ ತಪ್ಪಿಸಕೂಡದು.

"ಗಾಳಿ ಸೋಕಿದೆ, ಮಾಟವಾಗಿದೆ": ಯಂತ್ರ ತಾಯಿತಗಳಿಗೆ ಹಣ ಸುರಿದು ಸಾಲಗಾರರಾದವರುಂಟು. ಆಟಿಸಂ ಅನ್ನೇ ತೆಗೆದುಹಾಕುವ ಮಾತ್ರೆಯಾಗಲಿ ಚುಚ್ಚುಮದ್ದಾಗಲಿ ಇಲ್ಲ. ಜೊತೆಗೆ ಬರುವ ಖಿನ್ನತೆ, ಆತಂಕ, ಮೂರ್ಛೆಗಳಿಗೆ ಚಿಕಿತ್ಸೆಯಿದೆ. ಗುಣಪಡಿಸುವೆನೆಂದು ಸಾವಿರಾರು ರೂಪಾಯಿ ಕೇಳುವವರನ್ನು ನಂಬಬೇಡಿರಿ.

ಮನೆಯಲ್ಲಿ ಅನುಸರಿಸಬೇಕಾದ ಕ್ರಮಗಳು

1. ಬೇಕಾದುದನ್ನು ಬಿಡಿಸಿ ಹೇಳಿರಿ. "ಹಾಲು ನೋಡುತ್ತಿರಿ" ಎನ್ನುವ ಬದಲು "ಹಾಲು ಉಕ್ಕಿ ಬಂದಾಗ ಒಲೆಯಿಂದ ಇಳಿಸಿರಿ" ಎನ್ನುವುದು. ಮುಖ ಊದಿಸಿಕೊಂಡು ಕುಳಿತರೆ ಅವರಿಗೆ ಅರ್ಥವಾಗದು; "ನಿಮ್ಮ ಈ ಮಾತಿನಿಂದ ನನಗೆ ನೋವಾಯಿತು" ಎಂದು ಹೇಳಿರಿ.

2. ಬದಲಾವಣೆಯನ್ನು ಮೊದಲೇ ತಿಳಿಸಿರಿ. "ಶುಕ್ರವಾರ ನಮ್ಮ ಅಣ್ಣ ಬರುತ್ತಾನೆ, ಎರಡು ದಿನ ಇರುತ್ತಾನೆ" ಎಂದು ಮುಂಚಿತವಾಗಿ ಹೇಳಿದರೆ ಅರ್ಧ ಕಳವಳ ತಪ್ಪುತ್ತದೆ.

3. ಗದ್ದಲದಿಂದ ದೂರ ಸರಿಯಲು ಅವಕಾಶ ಕೊಡಿರಿ. ಮದುವೆಯಲ್ಲಿ ಧಾರೆಯ ಹೊತ್ತಿಗೆ ಇದ್ದು, ವಾಲಗದಿಂದ ದೂರ ಕುಳಿತರೆ ತಪ್ಪೇನು? ಬೀಗರಿಗೆ ಮೊದಲೇ ವಿಷಯ ತಿಳಿಸಿಡಿರಿ.

4. ನಾಲ್ಕು ಜನರ ಮುಂದೆ ಹೀಯಾಳಿಸಬೇಡಿರಿ. ಕಣ್ಣಲ್ಲಿ ಕಣ್ಣಿಟ್ಟು ನೋಡೆಂದು ಒತ್ತಾಯಿಸಬೇಡಿರಿ.

5. ಆಟಿಸಂ ಉಳ್ಳವರಿಗೂ ಕರ್ತವ್ಯವಿದೆ. ತನಗೆ ಊಹೆ ಆಗದು ಎಂದು ತಿಳಿದವರು ಕೇಳಿ ತಿಳಿಯಬೇಕು. "ಈಗ ನಾನೇನು ಮಾಡಲಿ?" ಎಂಬ ಒಂದು ಪ್ರಶ್ನೆ ಎಷ್ಟೋ ಜಗಳಗಳನ್ನು ತಪ್ಪಿಸುತ್ತದೆ.

6. ಜೊತೆಗಿರುವವರ ದಣಿವನ್ನು ಮರೆಯಬಾರದು. ಸದಾ ಬಿಡಿಸಿ ಹೇಳುವ ಹೊರೆ ಹೆಂಡತಿಯೊಬ್ಬಳ ಅಥವಾ ಗಂಡನೊಬ್ಬನ ಮೇಲೆಯೇ ಬೀಳಕೂಡದು. ತವರಿನವರು, ಅತ್ತೆಮಾವಂದಿರು ವಿಷಯವನ್ನು ಅರಿತು ನೆರವಾಗಬೇಕು.

ಅರಿತು ನಡೆದರೆ ಆಗುವ ಪ್ರಯೋಜನ

ಆಟಿಸಂ ಉಳ್ಳವರ ಬಾಳು ಸುತ್ತಲಿನವರ ಅರಿವನ್ನು ಬಹಳ ಮಟ್ಟಿಗೆ ಅವಲಂಬಿಸಿದೆ. ಕಾನರ್ ಅವರ ಹನ್ನೊಂದು ಮಕ್ಕಳಲ್ಲಿ ಮೊದಲನೆಯವರಾದ ಡೊನಾಲ್ಡ್ ಟ್ರಿಪ್ಲೆಟ್ ಅವರ ಜೀವನವೇ ಇದಕ್ಕೆ ಸಾಕ್ಷಿ. ಬಾಲ್ಯದಲ್ಲಿ ಅವರು ಕೆಲವು ವರ್ಷ ಒಬ್ಬ ರೈತ ದಂಪತಿಗಳ ಮನೆಯಲ್ಲಿದ್ದರು. ಹುಡುಗನಿಗೆ ಎಣಿಸುವ ಗೀಳು. ಜೋಳದ ಸಾಲುಗಳನ್ನು ಎಣಿಸಿದ್ದೇ ಎಣಿಸಿದ್ದು. ರೈತ ಗದರಿಸಲಿಲ್ಲ. ಉಳುತ್ತ ಎಣಿಸು ಎಂದು ನೇಗಿಲು ಕೊಟ್ಟನು. ಅಳತೆಯ ಗೀಳು ಹಿಡಿದಾಗ ಬಾವಿ ತೋಡಿಸಿ ಅದರ ಆಳವನ್ನು ಅಳೆಯಿಸಿದನು. ನೋಡಲು ಹೋದ ಕಾನರ್ ಅವರು, ಹುಡುಗ ಕುದುರೆ ಕಟ್ಟಿದ ನೇಗಿಲನ್ನು ಚೆನ್ನಾಗಿ ನಡೆಸಿದುದನ್ನು ಕಂಡು ಮೆಚ್ಚಿ ಬರೆದಿದ್ದಾರೆ. ಮುಂದೆ ಡೊನಾಲ್ಡ್ ತಮ್ಮ ಊರಿನ ಬ್ಯಾಂಕಿನಲ್ಲಿ ದೀರ್ಘಕಾಲ ದುಡಿದರು, ಸ್ವತಃ ಕಾರು ನಡೆಸಿದರು, ದೇಶವಿದೇಶ ಸುತ್ತಿದರು. ಊರಿನವರು ಅವರನ್ನು ತಮ್ಮವರೆಂದು ಕಂಡರು. 2023 ರಲ್ಲಿ 89 ನೆಯ ವಯಸ್ಸಿನಲ್ಲಿ ನಿಧನರಾದರು. ಆ ರೈತ ದಂಪತಿಗಳು ವೈದ್ಯರಲ್ಲ. ಹುಡುಗ ಇರುವಂತೆಯೇ ಅವನನ್ನು ಒಪ್ಪಿ, ಅವನ ಗುಣಕ್ಕೆ ತಕ್ಕ ಕೆಲಸ ಕೊಟ್ಟರು, ಅಷ್ಟೆ.

ಮಕ್ಕಳ ವಿಷಯ

ತಂದೆ ಅಥವಾ ತಾಯಿಗೆ ಆಟಿಸಂ ಇದ್ದರೆ ಮಗುವಿಗೂ ಇರುವ ಸಂಭವ ಸ್ವಲ್ಪ ಹೆಚ್ಚು. ಆದರೆ ಬಂದೇ ತೀರುತ್ತದೆಂದಿಲ್ಲ. ಒಂದು ವರ್ಷವಾದರೂ ಹೆಸರು ಕರೆದರೆ ತಿರುಗದಿರುವುದು, ಒಂದೂವರೆ ವರ್ಷವಾದರೂ ಬೆರಳು ಮಾಡಿ ತೋರಿಸದಿರುವುದು, ಎರಡು ವರ್ಷವಾದರೂ ಎರಡು ಪದ ಕೂಡಿಸಿ ಮಾತನಾಡದಿರುವುದು, ಬಂದ ಮಾತು ನಿಂತುಹೋಗುವುದು, ಇವುಗಳಲ್ಲಿ ಯಾವುದು ಕಂಡರೂ ಅಂಗನವಾಡಿ ಅಥವಾ ಆಶಾ ಕಾರ್ಯಕರ್ತೆಗೆ ತಿಳಿಸಿರಿ. 2013 ರಲ್ಲಿ ಆರಂಭವಾದ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮದಲ್ಲಿ ಇಂಥ ಮಕ್ಕಳ ತಪಾಸಣೆಗೆ ಏರ್ಪಾಡಿದೆ. ಮಗುವಿನ ತಪಾಸಣೆಗೆಂದು ಬಂದ ತಂದೆ, ವೈದ್ಯರ ಪ್ರಶ್ನೆಗಳನ್ನು ಕೇಳಿ, "ನಾನೂ ಚಿಕ್ಕಂದಿನಲ್ಲಿ ಹೀಗೆಯೇ ಇದ್ದೆ" ಎನ್ನುವುದುಂಟು. ವಯಸ್ಕರ ಆಟಿಸಂ ಗುರುತಾಗುವ ದಾರಿಗಳಲ್ಲಿ ಇದೂ ಒಂದು.

ಎಲ್ಲಿಗೆ ಹೋಗಬೇಕು?

ಮೊದಲು ನಿಮ್ಮ ಪ್ರಾಥಮಿಕ ಆರೋಗ್ಯ ಕೇಂದ್ರದ ವೈದ್ಯಾಧಿಕಾರಿಯನ್ನು ಕಾಣಿರಿ. ಅಲ್ಲಿಂದ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮದ ಮನೋವೈದ್ಯರ ಬಳಿಗೆ ಕಳುಹಿಸುವರು. ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆಯಲ್ಲಿಯೂ ತಜ್ಞರಿದ್ದಾರೆ. ರಕ್ತಪರೀಕ್ಷೆಯಿಂದಾಗಲಿ ತಲೆಯ ಚಿತ್ರದಿಂದಾಗಲಿ ಆಟಿಸಂ ತಿಳಿಯದು. ಬಾಲ್ಯದ ವಿವರ ಕೇಳಿ, ನಡವಳಿಕೆ ನೋಡಿ ನಿರ್ಣಯಿಸುತ್ತಾರೆ. ಆದುದರಿಂದ ತಾಯಿ, ಅಕ್ಕ ಅಥವಾ ಬಾಲ್ಯವನ್ನು ಬಲ್ಲ ಹಿರಿಯರೊಬ್ಬರನ್ನು ಜೊತೆಗೆ ಕರೆತನ್ನಿರಿ. ಮಾನಸಿಕ ತೊಂದರೆಗಳ ಬಗೆಗೆ ಫೋನಿನಲ್ಲಿ ಸಲಹೆ ಬೇಕಾದರೆ 2022 ರಲ್ಲಿ ಆರಂಭವಾದ ಟೆಲಿ ಮಾನಸ್ ಸೇವೆಯ ಸಂಖ್ಯೆ 14416. ಹಗಲಿರುಳೂ ಉಚಿತವಾಗಿ, ಕನ್ನಡದಲ್ಲಿಯೇ ಮಾತನಾಡಬಹುದು.

ಅಂಗವಿಕಲರ ಹಕ್ಕುಗಳ 2016 ರ ಕಾಯಿದೆಯ 21 ಬಗೆಯ ವೈಕಲ್ಯಗಳ ಪಟ್ಟಿಯಲ್ಲಿ ಆಟಿಸಂ ಸೇರಿದೆ. ಹೆಚ್ಚಿನ ತೊಂದರೆಯಿದ್ದವರು ಪರೀಕ್ಷೆಯ ಬಳಿಕ ಪ್ರಮಾಣಪತ್ರ ಪಡೆಯಬಹುದು. ಎಲ್ಲರಿಗೂ ಪ್ರಮಾಣಪತ್ರ ಬೇಕಾಗಿಲ್ಲ. ಅನೇಕರಿಗೆ ಮನೆಯವರ ಅರಿವೇ ಸಾಕು.

ಮುಕ್ತಾಯ

ಮೊದಲು ಹೇಳಿದ ಮನೆಗೆ ಮರಳೋಣ. ಆ ಗಂಡ ಇಂದಿಗೂ ಮಿತಭಾಷಿಯೇ. ಅದೇ ಲೋಟದಲ್ಲಿಯೇ ಕಾಫಿ ಕುಡಿಯುತ್ತಾನೆ. ಹುಳುಮನೆಯ ಗೋಡೆಗೆ ಅಂಟಿಸಿದ ಸೊಪ್ಪಿನ ವೇಳಾಪಟ್ಟಿಯ ಕೆಳಗೆ ಈಗ ಅವನ ಕೈಬರಹದಲ್ಲಿ ಇನ್ನೊಂದು ಸಾಲಿದೆ: "ರಾತ್ರಿ ಒಂಬತ್ತು ಗಂಟೆ, ಮನೆಯವಳ ಜೊತೆ ಕೂರುವುದು." ಹೆಂಡತಿ ತಲೆನೋವಿನ ಮಾತ್ರೆಗೆ ಮತ್ತೆ ಬರಲಿಲ್ಲ. ಜಗಳಗಳು ಪೂರ್ತಿ ನಿಂತಿಲ್ಲ. ಆದರೆ "ನನ್ನನ್ನು ಕಂಡರೆ ಇವರಿಗೆ ಆಗದು" ಎಂಬ ಕೊರಗು ಹೋಗಿದೆ.

ನೆನಪಿನಲ್ಲಿಡಿರಿ

• ಆಟಿಸಂ ಹುಟ್ಟಿನಿಂದ ಬರುವ ಸ್ಥಿತಿ. ಗರ್ವವಲ್ಲ, ಹುಚ್ಚಲ್ಲ, ಯಾರ ಶಾಪವೂ ಅಲ್ಲ.
• ಒಂದೆರಡು ಲಕ್ಷಣಗಳಿಂದ ನಿರ್ಣಯಿಸಬಾರದು. ಚಿಕ್ಕಂದಿನಿಂದ ಇದೆಯೇ ಎಂದು ಕೇಳಿರಿ.
• ಹೊಸದಾಗಿ ಕಂಡ ಬದಲಾವಣೆ ಬೇರೆ ಕಾಯಿಲೆಯ ಸೂಚನೆ. ಕೂಡಲೇ ವೈದ್ಯರನ್ನು ಕಾಣಿರಿ.
• ಬಿಡಿಸಿ ಹೇಳುವುದು, ಮೊದಲೇ ತಿಳಿಸುವುದು, ಕೇಳಿ ತಿಳಿಯುವುದು: ಈ ಮೂರು ದಾಂಪತ್ಯವನ್ನು ಉಳಿಸುತ್ತವೆ.

ಮನೆಯಲ್ಲಿ ಚರ್ಚಿಸಿರಿ

1. ನಿಮ್ಮ ಸಂಗಾತಿಯ ಯಾವ ನಡವಳಿಕೆಯನ್ನು ನೀವು ಅಲಕ್ಷ್ಯವೆಂದು ಭಾವಿಸಿದ್ದೀರಿ? ಹಾಗೇಕೆ ಮಾಡುವಿರೆಂದು ಎಂದಾದರೂ ಕೇಳಿದ್ದೀರಾ?
2. ದುಃಖವಾದಾಗ ನಿಮ್ಮ ಸಂಗಾತಿ ಏನು ಮಾಡಬೇಕೆಂದು ನೀವು ಬಯಸುತ್ತೀರಿ? ಇಂದು ರಾತ್ರಿ ಊಟದ ಬಳಿಕ ಒಬ್ಬರಿಗೊಬ್ಬರು ಹೇಳಿಕೊಳ್ಳಿರಿ.